ಆಷಾಢದಲ್ಲೂ ಒಣಬಟ್ಟೆ ಕೊಡುವ ಪುಟ್ಟಮಲ್ಲಮ್ಮ

ಬೆಳಗಿನ ಐದೂವರೆ. ಸರಗೂರಿನಿಂದ ಹೆಗ್ಗಡದೇವನಕೋಟೆಗೆ ಹೋಗುವ ಮೊದಲ ಬಸ್ಸು ಇನ್ನೂ ಬಂದಿಲ್ಲ. ಮೂರು ದಿನದಿಂದ ಹಿಡಿದ ಸೋನೆ ಬಿಡುವ ಲಕ್ಷಣವಿಲ್ಲ. ರಸ್ತೆ ಬದಿಯ ಹೆರಿಗೆ ಆಸ್ಪತ್ರೆಯ ಹಿತ್ತಲಿಗೆ ಬಂದ ಪುಟ್ಟಮಲ್ಲಮ್ಮ ಕೊಡೆ ಮಡಿಸಿ ಗೋಡೆಗೆ ಒರಗಿಸಿ, ಹೆಂಚಿನ ಮಾಡಿನ ಒಂದು ಕೋಣೆಯ ಬಾಗಿಲನ್ನು ಭುಜದಿಂದ ನೂಕಿ ತೆರೆಯುತ್ತಾರೆ. ಹೊರಗೆ ಗೋಡೆ, ನೆಲ, ಹಗ್ಗ, ಬೆಂಚು ಎಲ್ಲವೂ ಒದ್ದೆ. ಒಳಗೆ ಮಾತ್ರ ಬೆಚ್ಚಗಿನ ಗಾಳಿ ಮುಖಕ್ಕೆ ತಾಗುತ್ತದೆ.

ದೀಪ ಹಾಕುವ ಮೊದಲೇ ಅವರು ಬಾಗಿಲಲ್ಲಿ ನಿಂತು ಎರಡು ಸಲ ಉಸಿರೆಳೆದುಕೊಳ್ಳುತ್ತಾರೆ. "ಮುಗ್ಗಲು ವಾಸ್ನೆ ಬಂತು ಅಂದ್ರೆ ಎಲ್ಲೋ ಒಂದು ಬಟ್ಟೆ ಇನ್ನೊಂದಕ್ಕೆ ಅಂಟ್ಕಂಡದೆ ಅಂತ. ಅದನ್ನ ಹುಡುಕಿ ಬಿಡಿಸೋಗಂಟ ಬೇರೆ ಕೆಲ್ಸ ಮುಟ್ಟಕಿಲ್ಲ ನಾನು," ಎನ್ನುತ್ತಾರೆ. ಇವತ್ತು ವಾಸನೆ ಇಲ್ಲ. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಏಣಿ ಹತ್ತುತ್ತಾರೆ.

ನೆಲದಿಂದ ಮಾಡಿನವರೆಗೆ ಐದು ಸಾಲು ಬಿದಿರಿನ ಗಳು. ಒಂದೊಂದು ಗಳುವಿನ ಮೇಲೂ ನಿನ್ನೆ ಮಧ್ಯಾಹ್ನ ಹರವಿದ ಹಾಸಿಗೆ ಬಟ್ಟೆ, ಬಾಣಂತಿಯರ ನಿಲುವಂಗಿ, ಹಸುಗೂಸುಗಳನ್ನು ಸುತ್ತುವ ಬಿಳಿ ಬಟ್ಟೆ, ಆಪರೇಷನ್ ಥಿಯೇಟರಿನ ಹಸಿರು ಬಟ್ಟೆ. ಒಂದಕ್ಕೂ ಇನ್ನೊಂದಕ್ಕೂ ನಡುವೆ ಸರಿಯಾಗಿ ಒಂದು ಗೇಣು ಜಾಗ. ಕೆಳಗಿನ ಎರಡು ಸಾಲು ಗರಿಗರಿಯಾಗಿ ಒಣಗಿದೆ. ಅದನ್ನು ತೆಗೆದು ಬುಟ್ಟಿಗೆ ಹಾಕಿ, ಮೇಲಿನ ಸಾಲಿನವನ್ನು ಕೆಳಕ್ಕೆ ಇಳಿಸುತ್ತಾರೆ. "ಕೆಳಗಿರೋ ಬಟ್ಟೆ ಬುಟ್ಟ ತೇವ ಎಲ್ಲಾ ಮೇಲಕ್ಕೇ ಹೋಯ್ತದಲ್ಲ, ಅದ್ಕೆ ಮೇಲಿಂದು ಕೊನೇಲಿ ಒಣಗ್ತದೆ. ಬಿಸಿ ಮೇಲಕ್ಕೆ ಹೋಯ್ತದೆ, ಮೇಲಿಂದೇ ಮೊದ್ಲು ಒಣಗ್ಬೇಕು ಅಂತ ನಾನೂ ಅಂದ್ಕಂಡಿದ್ದೆ. ಅಂಗಲ್ಲ ಅದು."

ಪುಟ್ಟಮಲ್ಲಮ್ಮನಿಗೆ ಈಗ ಐವತ್ತಾರು. ಮೂವತ್ತು ಹಾಸಿಗೆಯ ಈ ಆಸ್ಪತ್ರೆಯಲ್ಲಿ ಹನ್ನೊಂದು ವರ್ಷದಿಂದ ಬಟ್ಟೆ ಒಗೆದು ಒಣಗಿಸುವ ಕೆಲಸ. ಒಗೆಯಲು ಒಂದು ದೊಡ್ಡ ಮೆಷಿನ್ ಇದೆ, ಒಣಗಿಸಲು ಇಲ್ಲ. ಬೇಸಿಗೆಯಲ್ಲಿ ಅದೊಂದು ಚಿಂತೆಯೇ ಅಲ್ಲ. ತಾರಸಿಯ ಮೇಲೆ ಹಾಕಿದರೆ ಎರಡು ತಾಸಿನಲ್ಲಿ ಮಡಿಚಿಡಬಹುದು. ಆದರೆ ಕಬಿನಿಯ ಈ ಬದಿಯಲ್ಲಿ, ಕಾಡಿನ ಅಂಚಿಗೆ, ಜೂನ್‌ನಲ್ಲಿ ಕವಿದ ಮೋಡ ಅಕ್ಟೋಬರ್‌ವರೆಗೆ ಹೋಗಿ ಬಂದು ಮಾಡುತ್ತಲೇ ಇರುತ್ತದೆ. ಬಾಣಂತಿಯರು ಮಳೆ ಎಂದು ಕಾಯುವುದಿಲ್ಲ. ದಿನಕ್ಕೆ ಮೂವತ್ತು ಮೂವತ್ತೈದು ಹಾಸಿಗೆ ಬಟ್ಟೆ, ಎಪ್ಪತ್ತಕ್ಕೆ ಕಡಿಮೆಯಿಲ್ಲದಂತೆ ಕೂಸಿನ ಬಟ್ಟೆ, ಇಪ್ಪತ್ತು ನಿಲುವಂಗಿ, ಥಿಯೇಟರಿನ ಆರೇಳು ಗಂಟು. ಬಿಸಿಲಿರಲಿ ಇಲ್ಲದಿರಲಿ, ಅಷ್ಟೂ ಒಣಗಿಯೇ ವಾರ್ಡಿಗೆ ಹೋಗಬೇಕು.

ಅದರಲ್ಲೂ ಥಿಯೇಟರಿನ ಬಟ್ಟೆಯದು ಕಟ್ಟುನಿಟ್ಟು. ತೇವ ಉಳಿದ ಬಟ್ಟೆಯನ್ನು ಗಂಟು ಕಟ್ಟಿ, ಕ್ರಿಮಿ ಕೊಲ್ಲುವ ಹಬೆಯ ಪೆಟ್ಟಿಗೆಗೆ ಹಾಕಿದರೆ ಗಂಟಿನ ಹೊಟ್ಟೆಯೊಳಗೆ ಹಸಿ ನಿಲ್ಲುತ್ತದೆ. ಹಸಿ ನಿಂತ ಗಂಟನ್ನು ಆಪರೇಷನ್‌ಗೆ ಬಿಚ್ಚುವಂತಿಲ್ಲ. ಹಾಗೆ ವಾಪಸು ಬಂದ ಒಂದೊಂದು ಗಂಟೂ ಪುಟ್ಟಮಲ್ಲಮ್ಮನಿಗೆ ನೆನಪಿದೆ. "ಹನ್ನೊಂದು ವರ್ಷಕ್ಕೆ ಒಂಬತ್ತು. ಮೊದಲ್ನೇ ವರ್ಷನೇ ಏಳು," ಎಂದು ಬೆರಳು ಮಡಿಸುತ್ತಾರೆ.

ಅವರು ಹುಟ್ಟಿದ್ದು ಇದೇ ಸರಗೂರಿನ ಪಕ್ಕದ ಹಳ್ಳಿಯಲ್ಲಿ. ಹತ್ತೊಂಬತ್ತಕ್ಕೆ ಹುಣಸೂರು ಕಡೆಯ ಗುರುಮಲ್ಲಪ್ಪನವರನ್ನು ಮದುವೆಯಾದರು. ಗಂಡ ಹೊಗೆಸೊಪ್ಪಿನ ಬ್ಯಾರನ್ ಬೇಯಿಸುವವರು. ಹೊಲದಿಂದ ಬಂದ ಹಸಿರು ಎಲೆಯನ್ನು ಕಡ್ಡಿಗೆ ಕಟ್ಟಿ, ಗೋಪುರದಂತೆ ಎತ್ತರದ ಆ ಕೋಣೆಯಲ್ಲಿ ಸಾಲುಸಾಲಾಗಿ ನೇತುಹಾಕಿ, ಐದಾರು ದಿನ ಬೆಂಕಿ ಕಾದು ಎಲೆಯನ್ನು ಹೊಂಬಣ್ಣಕ್ಕೆ ತರುವ ಕೆಲಸ. ಒಂದೇ ಯಜಮಾನರ ಹತ್ತಿರ ಇಪ್ಪತ್ತೆರಡು ಮಳೆಗಾಲ ಬೆಂಕಿ ಮುಂದೆ ಕೂತರು. ಪುಟ್ಟಮಲ್ಲಮ್ಮ ಎಲೆ ಕಟ್ಟುವ ಹೆಂಗಸರ ಸಾಲಿನಲ್ಲಿ. ಬ್ಯಾರನ್ ಪಕ್ಕದ ಒಂದಂಕಣದ ಮನೆಯಲ್ಲೇ ಸಂಸಾರ.

ಆ ಮನೆಯಲ್ಲೇ ಅವರ ಮೊದಲ ಹೆರಿಗೆಯಾಯಿತು. ಅದೂ ಆಷಾಢ. ಹೆಣ್ಣುಕೂಸು. ಹಗ್ಗ ಕಟ್ಟಲು ಒಳಗೆ ಜಾಗವಿಲ್ಲ, ಹೊರಗೆ ಹಾಕಲು ಬಿಸಿಲಿಲ್ಲ. ಅತ್ತೆ ಒಲೆಯ ಮೇಲೆ ಹಿಡಿದು ಹಿಡಿದು ಬಟ್ಟೆ ಒಣಗಿಸುತ್ತಿದ್ದರು. ಅರ್ಧ ಒಣಗುವುದರೊಳಗೆ ಕೂಸು ಇನ್ನೊಂದನ್ನು ಒದ್ದೆ ಮಾಡುತ್ತಿತ್ತು. ಐದನೆಯ ದಿನ ಉಸಿರು ಕಟ್ಟತೊಡಗಿತು. ಎತ್ತಿಕೊಂಡು ರಸ್ತೆಗೆ ಬಂದು ಬಸ್ಸು ಕಾಯುತ್ತಿರುವಾಗಲೇ ಹೋಗಿಬಿಟ್ಟಿತು.

"ಹಸಿ ಬಟ್ಟೆಯಿಂದ್ಲೇ ಹೋಯ್ತು ಅಂತ ನಾನು ಅನ್ನಕಿಲ್ಲ. ಇಲ್ಲಿ ಡಾಕ್ಟ್ರಮ್ಮನ್ನ ಒಂದ್ಸಲ ಕೇಳ್ದೆ. ಅಂಥ ಸಣ್ಣ ಕೂಸಿಗೆ ಏನೇನೋ ಕಾರಣ ಇರ್ತದೆ, ನೋಡ್ದೆ ಹೇಳಕ್ಕಾಗಲ್ಲ ಅಂದ್ರು. ಸರಿ ಅಂದೆ," ಎನ್ನುತ್ತಾರೆ ಪುಟ್ಟಮಲ್ಲಮ್ಮ. ಮಾತನಾಡುವಾಗಲೂ ಕೈ ನಿಲ್ಲಿಸಿಲ್ಲ. ಬಟ್ಟೆ ಮಡಿಚುತ್ತಲೇ ಇದ್ದಾರೆ. "ಆದ್ರೆ ಬಸ್ಸು ಕಾಯೋವಾಗ ಅದ್ಕೆ ಸುತ್ತಿದ್ದ ಬಟ್ಟೆ ತಣ್ಣಗಿತ್ತು. ಅದು ನನ್ ಕೈಗೆ ಗೊತ್ತು."

ಆಮೇಲೆ ಹುಟ್ಟಿದ ಇಬ್ಬರು ಹೆಣ್ಣುಮಕ್ಕಳು ಬೆಳೆದು ಮದುವೆಯಾಗಿದ್ದಾರೆ. ದೊಡ್ಡವಳು ಐಶ್ವರ್ಯ ಕೆ.ಆರ್. ನಗರದ ಕಡೆ, ಚಿಕ್ಕವಳು ಪೂಜಾ ಹುಣಸೂರಿನಲ್ಲಿ. ಇಬ್ಬರೂ ಓದುತ್ತಿದ್ದ ಕಾಲದಲ್ಲೇ ಗುರುಮಲ್ಲಪ್ಪನವರ ಎದೆ ಕೆಟ್ಟಿತು. ಹತ್ತು ಹೆಜ್ಜೆ ಇಟ್ಟರೆ ಏದುಸಿರು. ಬೆಂಕಿ ಮುಂದೆ ಕೂರುವುದನ್ನು ಬಿಡಲೇಬೇಕೆಂದು ವೈದ್ಯರು ಹೇಳಿದ ಮೇಲೆ ಗಂಡ ಹೆಂಡತಿ ಪುಟ್ಟಮಲ್ಲಮ್ಮನ ತವರಿಗೆ ಬಂದು ನೆಲೆಸಿದರು. ಆಸ್ಪತ್ರೆಯಲ್ಲಿ ಬಟ್ಟೆ ಒಗೆಯುವವರು ಬೇಕೆಂದು ಯಾರೋ ಹೇಳಿದರು. ಮರುದಿನವೇ ಹೋಗಿ ನಿಂತರು.

ಊರಿನಲ್ಲಿ ಮಾತು ಹುಟ್ಟಿತು. ಲಿಂಗ ಕಟ್ಟಿಕೊಂಡ ಮನೆಯ ಸೊಸೆ ಕಂಡವರ ಹೆರಿಗೆ ಬಟ್ಟೆ ಒಗೆಯುವುದೇ ಎಂದರು. ಹತ್ತಿರದ ನೆಂಟರ ಗೃಹಪ್ರವೇಶಕ್ಕೆ ಹೋದಾಗ ಬಡಿಸಲು ಎದ್ದು ನಿಂತ ಪುಟ್ಟಮಲ್ಲಮ್ಮನ ಕೈಯಿಂದ ವಾರಗಿತ್ತಿ ಅನ್ನದ ಪಾತ್ರೆ ತೆಗೆದುಕೊಂಡು, "ನೀನು ಕೂತ್ಕೋ ಬುಡಕ್ಕ, ದಣ್ದಿದ್ದೀಯ," ಎಂದಳು. ಮಾತು ಮೆತ್ತಗೇ ಇತ್ತು. ಎಲ್ಲರಿಗೂ ಅರ್ಥವಾಯಿತು.

ಆಗ ಮಾತನಾಡಿದ್ದು ಅತ್ತೆ ಚಿಕ್ಕಸಿದ್ದಮ್ಮ. ಎಂಬತ್ತು ದಾಟಿದ ಆಕೆ ಪಂಕ್ತಿಯಲ್ಲಿ ಕೂತಿದ್ದವರು, "ಲಿಂಗ ಕಟ್ದೋರ್ಗೆ ಸೂತಕ ಇಲ್ಲ ಅಂತ ನೀವೇ ಅಲ್ವ ಹೇಳೋದು? ಇವಳ ಕೈಗೆಲ್ಲಿಂದ ಬಂತು? ಅಮ್ಮಿ, ನನ್ನೆಲೆಗೆ ನೀನೇ ಬಡ್ಸು," ಎಂದರು. ಪುಟ್ಟಮಲ್ಲಮ್ಮ ಪಾತ್ರೆ ವಾಪಸು ತೆಗೆದುಕೊಂಡು ಅತ್ತೆಗೆ ಬಡಿಸಿದರು. ಪಕ್ಕದ ಎಲೆಗೂ ಬಡಿಸಿದರು. ಆ ಪಕ್ಕದವರೂ ಉಂಡರು. ಅತ್ತೆ ತೀರಿಕೊಂಡು ಏಳು ವರ್ಷವಾಯಿತು. ಆ ದಿನದ ಮಾತನ್ನು ಸೊಸೆ ಈಗಲೂ ಅಕ್ಷರ ತಪ್ಪದೆ ಹೇಳುತ್ತಾರೆ.

ಕೆಲಸ ಸಿಕ್ಕಿತು ಸರಿ, ಮೊದಲ ಮಳೆಗಾಲವೇ ಅವರನ್ನು ಕಂಗಾಲು ಮಾಡಿತು. ಆಸ್ಪತ್ರೆಯವರು ಹಿತ್ತಲಿನ ಹಳೆಯ ಉಗ್ರಾಣವನ್ನು ತೆರವು ಮಾಡಿ ಕೊಟ್ಟಿದ್ದರು. ಕಿಟಕಿ ಒಂದೇ. ಮೂರು ಹಗ್ಗ, ಒಂದು ಫ್ಯಾನು. ಬಟ್ಟೆ ಹರವಿ ಬಾಗಿಲು ಹಾಕಿದರೆ ಮರುದಿನಕ್ಕೆ ಗೋಡೆಯೇ ಬೆವರುತ್ತಿತ್ತು. ಎರಡು ದಿನವಾದರೂ ಹೊಲಿಗೆಯ ಅಂಚು ಒಣಗುತ್ತಿರಲಿಲ್ಲ. ಮೂರನೆಯ ದಿನ ಬಟ್ಟೆಯ ಮೇಲೆ ಸಾಸಿವೆಯಂಥ ಕಪ್ಪು ಚುಕ್ಕೆ. ಇಸ್ತ್ರಿ ಹಾಕಿ ಹಾಕಿ ಒಣಗಿಸಿದರು. ಅಂಗೈ ಸುಟ್ಟುಕೊಂಡರು. ವಾರ್ಡಿನಲ್ಲಿ ಬಾಣಂತಿಯರ ಕಡೆಯವರು ಬಟ್ಟೆ ಮೂಸಿ ನೋಡಿ ಪಕ್ಕಕ್ಕಿಟ್ಟು, ಮನೆಯಿಂದ ತಂದ ಸೀರೆ ಹಾಸತೊಡಗಿದರು.

ಆಗ ಅವರಿಗೊಂದು ಉಪಾಯ ಹೊಳೆಯಿತು. ಪಕ್ಕದ ಊರಿನಲ್ಲಿ ಒಬ್ಬ ರೈತರು ಹೊಗೆಸೊಪ್ಪು ಬಿಟ್ಟು ಶುಂಠಿಗೆ ಹೋಗಿದ್ದರು. ಅವರ ಬ್ಯಾರನ್ ಖಾಲಿ ನಿಂತಿತ್ತು. ಅವರನ್ನು ಕೇಳಿ, ಮೂವತ್ತು ಹಾಸಿಗೆ ಬಟ್ಟೆಯನ್ನು ಅಲ್ಲಿ ನೇತುಹಾಕಿ ಬೆಂಕಿ ಹಾಕಿಸಿದರು. ಬೆಳಗಾಗುವುದರಲ್ಲಿ ಎಲ್ಲವೂ ಹಪ್ಪಳದಂತೆ ಒಣಗಿತ್ತು. ಖುಷಿಯಿಂದ ಹೊತ್ತು ತಂದು ವಾರ್ಡಿಗೆ ಕೊಟ್ಟರು. ಅರ್ಧ ಗಂಟೆಯಲ್ಲಿ ನರ್ಸ್ ಮೆಹನಾಜ್ ಬಟ್ಟೆಯ ಹೊರೆಯನ್ನು ಹಾಗೇ ವಾಪಸು ತಂದರು. ಬೆಟ್ಟದಪುರದ ಕಡೆಯ ಒಬ್ಬ ಬಾಣಂತಿ ಆ ಹಾಸಿಗೆಯ ಮೇಲೆ ಮಲಗಿದ ಕೂಡಲೇ ವಾಂತಿ ಮಾಡಿಕೊಂಡಿದ್ದಳು. ವರ್ಷಗಟ್ಟಲೆ ಗೋಡೆಗೆ ಹಿಡಿದಿದ್ದ ಹೊಗೆಸೊಪ್ಪಿನ ಘಾಟು ಎಳೆ ಎಳೆಗೂ ಇಳಿದಿತ್ತು.

"ನಮಗೆ ಆ ವಾಸ್ನೆ ತಿಳೀಲೇ ಇಲ್ಲ ಕಣ್ರೀ. ಇಪ್ಪತ್ತೆರಡು ವರ್ಷ ಅದ್ರಲ್ಲೇ ಉಂಡು ಮಲ್ಗಿದೋರು. ನನ್ ಮೂಗೇ ನನಗೆ ಮೋಸ ಮಾಡ್ತು," ಎಂದು ಪುಟ್ಟಮಲ್ಲಮ್ಮ ನಗುತ್ತಾರೆ. ಆ ದಿನ ನಕ್ಕಿರಲಿಲ್ಲ. ಮೂವತ್ತನ್ನೂ ಮತ್ತೆ ಒಗೆದರು. ಮೂರು ಸಲ ಒಗೆದರೂ ನಾಲ್ಕು ಬಟ್ಟೆಯ ವಾಸನೆ ಹೋಗಲಿಲ್ಲ. ಅವನ್ನು ನೆಲ ಒರೆಸಲು ಇಟ್ಟುಕೊಂಡರು.

ಮುಂದಿನ ಮೂರು ಮಳೆಗಾಲ ಹೀಗೇ ಏಗಿಕೊಂಡು ಹೋದರು. ಮೆಷಿನ್ನಿನಲ್ಲಿ ಎರಡೆರಡು ಸಲ ಹಿಂಡಿಸುವುದು, ಹಗ್ಗಕ್ಕೆ ಹಾಕುವ ಮುನ್ನ ಯಾರನ್ನಾದರೂ ಕರೆದು ಇಬ್ಬರೂ ಒಂದೊಂದು ತುದಿ ಹಿಡಿದು ಒದರುವುದು, ದಪ್ಪ ಬಟ್ಟೆ ಒಂದು ಕಡೆ ತೆಳು ಬಟ್ಟೆ ಇನ್ನೊಂದು ಕಡೆ ಮಾಡುವುದು. ಎಲ್ಲವೂ ತಾವೇ ಕಂಡುಕೊಂಡದ್ದು. ಹೇಳಿಕೊಡುವವರು ಯಾರೂ ಇರಲಿಲ್ಲ.

ಐದನೆಯ ವರ್ಷದ ಆಷಾಢದಲ್ಲಿ ಮಳೆ ಹುಚ್ಚೆದ್ದು ಸುರಿಯಿತು. ಕಬಿನಿ ತುಂಬಿ ನೀರು ಬಿಟ್ಟರು. ಹೊಳೆಯ ಸೇತುವೆಯ ಮೇಲೆ ನೀರು ಹರಿದು ಮೈಸೂರಿನ ದಾರಿ ಮುಚ್ಚಿತು. ಕಂಬಗಳು ಉರುಳಿ ಕರೆಂಟು ಹೋಯಿತು. ಆಸ್ಪತ್ರೆಯ ಜನರೇಟರಿಗೆ ಉಳಿದಿದ್ದ ಡೀಸೆಲ್ಲನ್ನು ಥಿಯೇಟರಿಗೂ ಕೂಸುಗಳನ್ನು ಬೆಚ್ಚಗಿಡುವ ಯಂತ್ರಕ್ಕೂ ಮಾತ್ರ ಎಂದು ತೆಗೆದಿಟ್ಟರು. ಒಗೆಯುವ ಮೆಷಿನ್ ನಿಂತಿತು, ಫ್ಯಾನ್ ನಿಂತಿತು. ವಾರ್ಡಿನಲ್ಲಿ ಇಪ್ಪತ್ತೇಳು ಬಾಣಂತಿಯರು. ಪುಟ್ಟಮಲ್ಲಮ್ಮ ಕಲ್ಲಿನ ಮೇಲೆ ಕೈಯಲ್ಲೇ ಒಗೆದರು. ಒಗೆದದ್ದು ಉಗ್ರಾಣದಲ್ಲಿ ನೀರು ತೊಟ್ಟಿಕ್ಕುತ್ತಾ ನಿಂತಿತು.

ಎರಡನೆಯ ದಿನ ಬೆಳಿಗ್ಗೆ ಮೆಹನಾಜ್ ಬಟ್ಟೆಯ ಬೀರು ತೆರೆದು ಎಣಿಸಿದರು. ಹನ್ನೊಂದು ಹಾಸಿಗೆ ಬಟ್ಟೆ. ಕೂಸಿನ ಬಟ್ಟೆ ಹದಿನಾಲ್ಕು. ಥಿಯೇಟರಿನ ಗಂಟು ಒಂದೇ ಒಂದು.

"ಮಲ್ಲಮ್ಮಕ್ಕ, ಒಂದು ಗಂಟಲ್ಲಿ ಒಂದೇ ಆಪರೇಷನ್. ಆಮೇಲೆ?" ಎಂದರು ಮೆಹನಾಜ್.

ಒಬ್ಬಾಕೆಗೆ ಬೆಳಿಗ್ಗೆಯೇ ಆಪರೇಷನ್ ಆಗಬೇಕಿತ್ತು. ಆ ಗಂಟು ಅಲ್ಲಿಗೆ ಮುಗಿಯಿತು. ಹತ್ತು ಗಂಟೆಗೆ ಫೋನ್ ಬಂತು. ಕಾಡಂಚಿನ ಗಿರಿಜನರ ಹಾಡಿಯಿಂದ ಇನ್ನೊಬ್ಬಾಕೆಯನ್ನು ಜೀಪಿನಲ್ಲಿ ಕರೆತರುತ್ತಿದ್ದಾರೆ, ಕೂಸು ಅಡ್ಡ ತಿರುಗಿದೆ, ದಾರಿಯಲ್ಲಿ ಬಿದ್ದ ಮರ ಕಡಿದು ಬರುವುದರಲ್ಲಿ ಸಂಜೆಯಾಗಬಹುದು. ಮುಂದಿನ ಆಸ್ಪತ್ರೆಗೆ ಕಳಿಸಲು ದಾರಿಯೇ ಇಲ್ಲ. ಡಾ. ನೀಲಾಂಬಿಕೆ ಹಿತ್ತಲಿಗೇ ಬಂದು ಉಗ್ರಾಣದ ಬಾಗಿಲಲ್ಲಿ ನಿಂತರು. ನೇತಾಡುತ್ತಿದ್ದ ಹಸಿರು ಬಟ್ಟೆಯನ್ನು ಮುಟ್ಟಿ ನೋಡಿ, "ಸಂಜೆ ಹೊತ್ತಿಗೆ ನನಗೆ ಒಂದು ಗಂಟು ಒಣಗಿದ ಬಟ್ಟೆ ಬೇಕು, ಪುಟ್ಟಮಲ್ಲಮ್ಮ. ಆಗುತ್ತಾ?" ಎಂದರು.

"ಆಗ್ತದೆ ಅನ್ಲಿಲ್ಲ, ಆಗಕಿಲ್ಲ ಅಂತಾನೂ ಅನ್ಲಿಲ್ಲ. ನಮ್ಮೆಜಮಾನ್ರಿಗೆ ಫೋನ್ ಹಚ್ಚಿದೆ," ಎನ್ನುತ್ತಾರೆ ಪುಟ್ಟಮಲ್ಲಮ್ಮ.

ಗುರುಮಲ್ಲಪ್ಪ ಕೊಡೆ ಹಿಡಿದು, ನಾಲ್ಕು ಕಡೆ ನಿಂತು ಸುಧಾರಿಸಿಕೊಂಡು ಬಂದರು. ಉಗ್ರಾಣದೊಳಗೆ ಕಾಲಿಟ್ಟವರೇ ಬಟ್ಟೆಯನ್ನು ನೋಡಲಿಲ್ಲ, ಮಾಡನ್ನು ನೋಡಿದರು. ಆಮೇಲೆ ಗೋಡೆಯ ಬುಡ ನೋಡಿದರು.

"ಇಲ್ಲಿ ಕಮ್ಮಿ ಇರೋದು ಬಿಸಿ ಒಂದೇ ಅಲ್ಲ ಕಣಮ್ಮಿ. ಹಸಿ ಗಾಳಿ ಹೊರಕ್ಕೆ ಹೋಗಾಕೆ ದಾರೀನೇ ಇಲ್ಲ. ಬಟ್ಟೆ ಬುಟ್ಟ ನೀರ್ನ ಬಟ್ಟೇನೇ ಮತ್ತೆ ಕುಡೀತಾ ಅದೆ," ಎಂದರು.

"ನಾಲ್ಕು ವರ್ಷದಿಂದ ಹೇಳ್ಲಿಲ್ವಲ್ಲ ನೀವು," ಎಂದರು ಹೆಂಡತಿ.

"ನೀನು ಕರೀಲಿಲ್ವಲ್ಲ."

ಅದು ನಿಜವಾಗಿತ್ತು. ಬ್ಯಾರನ್ನಿನ ವಾಸನೆಯ ಪ್ರಸಂಗವಾದ ಮೇಲೆ ಮನೆಯಲ್ಲಿ ಆ ಮಾತನ್ನೇ ಯಾರೂ ಎತ್ತಿರಲಿಲ್ಲ. ತನ್ನ ಇಪ್ಪತ್ತೆರಡು ವರ್ಷದ ಕಸುಬು ಇನ್ನು ಯಾವ ಕೆಲಸಕ್ಕೂ ಬಾರದು ಎಂದು ಗುರುಮಲ್ಲಪ್ಪ ತೀರ್ಮಾನಿಸಿಕೊಂಡು ಜಗುಲಿಯ ಮೇಲೆ ಕೂತುಬಿಟ್ಟಿದ್ದರು. ಹೆಂಡತಿ ಅವರನ್ನು ಎಬ್ಬಿಸುವ ಧೈರ್ಯ ಮಾಡಿರಲಿಲ್ಲ.

ಅವರು ಹೇಳಿದ್ದು ಸರಳ. ಬ್ಯಾರನ್ನಿನಲ್ಲಿ ಒಲೆ ಹೊರಗಿರುತ್ತದೆ. ಹೊಗೆ ತಗಡಿನ ಕೊಳವೆಯಲ್ಲಿ ಕೋಣೆಯೊಳಗೆ ಹಾದು ಇನ್ನೊಂದು ಕಡೆಯಿಂದ ಹೊರಗೆ ಹೋಗುತ್ತದೆ. ಎಲೆಗೆ ತಾಗುವುದು ಕಾದ ಕೊಳವೆಯ ಶಾಖ ಮಾತ್ರ, ಹೊಗೆಯಲ್ಲ. ಗೋಡೆಯ ಬುಡದಲ್ಲಿ ಒಣ ಗಾಳಿಗೆ ಕಿಂಡಿ, ನೆತ್ತಿಯಲ್ಲಿ ಹಸಿ ಗಾಳಿಗೆ ಕಿಂಡಿ. ಉಗ್ರಾಣದ ಪಕ್ಕದಲ್ಲೇ ಬಾಣಂತಿಯರ ಸ್ನಾನಕ್ಕೆ ನೀರು ಕಾಯಿಸುವ ಹಂಡೆ ಒಲೆ ಇತ್ತು, ಹಗಲೆಲ್ಲ ಉರಿಯುತ್ತಿತ್ತು. ಆ ಒಲೆಯ ಹೊಗೆಯನ್ನು ಉಗ್ರಾಣದ ಮೂಲಕ ಹಾಯಿಸಿದರೆ ಆಯಿತು.

ಕೊಳವೆ ಬೇಕಲ್ಲ? ಶುಂಠಿಗೆ ಹೋಗಿದ್ದ ಆ ರೈತರು ಅಷ್ಟರಲ್ಲಿ ಖಾಲಿ ಬ್ಯಾರನ್ನನ್ನು ಕೆಡವಿಸಿದ್ದರು. ಅದರ ತಗಡಿನ ಕೊಳವೆಗಳು ಅವರ ಕೊಟ್ಟಿಗೆಯಲ್ಲಿ ಬಿದ್ದಿದ್ದವು. ಸರಗೂರಿನ ಸಲೀಂ ತನ್ನ ಗೂಡ್ಸ್ ಆಟೋದಲ್ಲಿ ಮಳೆಯಲ್ಲೇ ಹೋಗಿ ಆರು ಕೊಳವೆ ಹೇರಿಕೊಂಡು ಬಂದ. ಅವನ ಹೆಂಡತಿ ಆಗ ಇದೇ ವಾರ್ಡಿನಲ್ಲಿ ಮೂರು ದಿನದ ಬಾಣಂತಿ. ಪುಟ್ಟಮಲ್ಲಮ್ಮ ಕೊಳವೆಗಳ ಒಳಗೂ ಹೊರಗೂ ಬೂದಿ ಹಾಕಿ ತಿಕ್ಕಿ ತೊಳೆದರು, ಸೋಪು ಹಾಕಿ ತೊಳೆದರು, ಆಮೇಲೆ ಮೆಹನಾಜ್‌ರನ್ನು ಕರೆದು, "ಸಿಸ್ಟ್ರಮ್ಮ, ನೀವು ಮೂಸಿ ನೋಡಿ. ನನ್ ಮೂಗನ್ನ ನಾನು ನಂಬಕಿಲ್ಲ," ಎಂದರು. ಮೆಹನಾಜ್ ಆರನ್ನೂ ಮೂಸಿದರು. ಎರಡನ್ನು ಮತ್ತೆ ತೊಳೆಸಿದರು.

ಸಲೀಂ ಗೋಡೆ ಒಡೆದು ದಾರಿ ಮಾಡಿದ. ನೆತ್ತಿಯಲ್ಲಿ ನಾಲ್ಕು ಇಟ್ಟಿಗೆ ಕಿತ್ತ, ಬುಡದಲ್ಲಿ ಎರಡು. ಗುರುಮಲ್ಲಪ್ಪ ನೆಲದ ಮೇಲೆ ಕೂತು ಕೊಳವೆಯ ಒಂದೊಂದು ಕೀಲಿಗೂ ಜೇಡಿಮಣ್ಣು ಮೆತ್ತಿದರು. ಡಾ. ನೀಲಾಂಬಿಕೆ ಒಂದೇ ಮಾತು ಹೇಳಿ ಹೋಗಿದ್ದರು: "ಹೊಗೆ ಒಂದೆಳೆ ಒಳಗೆ ಬಂದರೂ ನಿಲ್ಲಿಸಿಬಿಡುತ್ತೇನೆ." ಒಲೆಗೆ ಬೆಂಕಿ ಹಾಕಿದ ಮೇಲೆ ಗುರುಮಲ್ಲಪ್ಪ ಒಂದು ಬಿಳಿ ಚೌಕವನ್ನು ಪ್ರತಿ ಕೀಲಿನ ಮೇಲೂ ಹಿಡಿದು, ತೆಗೆದು ಬೆಳಕಿಗೆ ನೋಡಿದರು. ಮೂರನೆಯ ಕೀಲಿನಲ್ಲಿ ಮಸಿ ಕಂಡಿತು. ಬೆಂಕಿ ಆರಿಸಿ, ಮಣ್ಣು ಕಿತ್ತು ಮತ್ತೆ ಮೆತ್ತಿದರು. ಎರಡನೆಯ ಸಲ ಬಟ್ಟೆ ಬಿಳಿಯಾಗೇ ಉಳಿಯಿತು.

ಹೊತ್ತು ಒಂದೂವರೆ. ಹಗ್ಗ ಬಿಚ್ಚಿ, ಸಲೀಂ ಕೊಳವೆಗಳ ಜೊತೆಗೇ ತಂದಿದ್ದ ಬಿದಿರಿನ ಗಳುಗಳನ್ನು ಕಟ್ಟಿ, ಹಸಿರು ಬಟ್ಟೆಯನ್ನು ಕೆಳಗಿನ ಸಾಲಿಗೆ ಹಾಕಿದರು. ನೆತ್ತಿಯ ಕಿಂಡಿಯಿಂದ ಹಬೆ ಹೊರಟು ಮಳೆಯಲ್ಲಿ ಕರಗುವುದು ಹಿತ್ತಲಿಂದ ಕಾಣುತ್ತಿತ್ತು. ಪುಟ್ಟಮಲ್ಲಮ್ಮ ಅರ್ಧ ಗಂಟೆಗೊಮ್ಮೆ ಒಳಹೋಗಿ ಬಟ್ಟೆಯನ್ನು ಮಗುಚಿ ಹಾಕುತ್ತಿದ್ದರು. ಸೀರೆ ಬೆವರಿನಿಂದ ತೊಯ್ದು ಮೈಗಂಟಿತ್ತು. ನಾಲ್ಕಕ್ಕೆ ಮೊದಲ ಗಂಟಿನಷ್ಟು ಬಟ್ಟೆ ಒಣಗಿ ಕೈಗೆ ಬಂತು. ಮೆಹನಾಜ್ ಗಂಟು ಕಟ್ಟಿ ಹಬೆಯ ಪೆಟ್ಟಿಗೆಗೆ ಇಟ್ಟರು. ಹಾಡಿಯ ಜೀಪು ಬಂದದ್ದು ಐದೂಕಾಲಿಗೆ.

ಪುಟ್ಟಮಲ್ಲಮ್ಮ ಆ ಕಡೆ ಹೋಗಲಿಲ್ಲ. ಎರಡನೆಯ ಗಂಟಿನ ಬಟ್ಟೆ ಅರ್ಧ ಒಣಗಿತ್ತು. ಒಂದು ಗಂಟೆ ಕಳೆದ ಮೇಲೆ ಮೆಹನಾಜ್ ಹಿತ್ತಲ ಬಾಗಿಲಿಗೆ ಬಂದರು. ಕೈಯಲ್ಲಿ ಬಕೆಟ್, ಬಕೆಟ್ಟಿನಲ್ಲಿ ಆ ಮಧ್ಯಾಹ್ನವಷ್ಟೇ ಒಣಗಿಸಿದ ಹಸಿರು ಬಟ್ಟೆ, ರಕ್ತದಲ್ಲಿ ನೆನೆದು.

"ಅಕ್ಕ, ಹೆಣ್ಣು ಮಗು. ಎರಡೂವರೆ ಕೇಜಿ. ಇಬ್ಬರೂ ಚೆನ್ನಾಗಿದ್ದಾರೆ," ಎಂದರು.

"ನಾನು ಬಕೀಟು ಇಸ್ಕಂಡು ತಣ್ಣೀರಿಗೆ ಹಾಕ್ದೆ. ರಕ್ತದ ಬಟ್ಟೆಗೆ ಬಿಸ್ನೀರು ತಾಗಿಸ್ಬಾರ್ದು, ಕಲೆ ಕಚ್ಕತದೆ," ಎಂದಷ್ಟೇ ಹೇಳಿ ಪುಟ್ಟಮಲ್ಲಮ್ಮ ಮುಂದಿನ ಬಟ್ಟೆಗೆ ಕೈ ಹಾಕುತ್ತಾರೆ. ಆ ಸಂಜೆಯ ಉಳಿದ ಕಥೆಯನ್ನು ಹೇಳುವವರು ಮೆಹನಾಜ್. "ಬಟ್ಟೆ ನೆನೆಹಾಕಿ ಅಲ್ಲೇ ಕಲ್ಲಿನ ಮೇಲೆ ಕೂತರು. ಅಳ್ತಾ ಇದ್ದರು. ಯಜಮಾನರು ಪಕ್ಕದಲ್ಲಿ ನಿಂತಿದ್ದರು. ನಾನು ಒಳಗೆ ಹೋದೆ. ಆ ಮೊದಲ ಕೂಸಿನ ವಿಷಯ ನನಗೆ ಗೊತ್ತಾಗಿದ್ದು ಎಷ್ಟೋ ತಿಂಗಳಾದ ಮೇಲೆ."

ಕರೆಂಟು ಬಂದದ್ದು ನಾಲ್ಕನೆಯ ದಿನ. ಅಷ್ಟರಲ್ಲಿ ಆ ಕೋಣೆಯಿಂದ ನೂರಕ್ಕೂ ಹೆಚ್ಚು ಹಾಸಿಗೆ ಬಟ್ಟೆ ಒಣಗಿ ಹೊರಬಂದಿತ್ತು. ಬೇಸಿಗೆಯಲ್ಲಿ ಆಸ್ಪತ್ರೆಯ ಟ್ರಸ್ಟಿನವರು ಒಬ್ಬ ಎಂಜಿನಿಯರನ್ನು ಕರೆಸಿದರು. ಅವರು ಗುರುಮಲ್ಲಪ್ಪನವರನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು, ಗೋಡೆಯನ್ನು ಎತ್ತರಿಸಿ, ಹೊಸ ಕೊಳವೆ ಹಾಕಿಸಿ, ಕಿಂಡಿಗಳಿಗೆ ಮುಚ್ಚಿ ತೆಗೆಯುವ ತಗಡಿನ ಬಾಗಿಲು ಕೂರಿಸಿಕೊಟ್ಟರು. ಮಳೆಗಾಲದಲ್ಲಿ ಮೂರು ದಿನ ಹಿಡಿಯುತ್ತಿದ್ದ ಬಟ್ಟೆ ಈಗ ಒಲೆ ಉರಿಯುತ್ತಿದ್ದರೆ ಏಳು ತಾಸಿಗೆ ಒಣಗುತ್ತದೆ.

ಒಲೆಗೆ ಸೌದೆ ಇಡುವುದೂ ಈಗ ಪುಟ್ಟಮಲ್ಲಮ್ಮನೇ. ಗುರುಮಲ್ಲಪ್ಪ ಹೊಗೆಯ ಹತ್ತಿರ ಸುಳಿಯಕೂಡದೆಂದು ಡಾ. ನೀಲಾಂಬಿಕೆಯವರ ಕಟ್ಟಪ್ಪಣೆ. ಹಾಗಾಗಿ ಅವರು ದೂರದ ಬೆಂಚಿನ ಮೇಲೆ ಮಫ್ಲರ್ ಸುತ್ತಿ ಕೂತು, ಅಲ್ಲಿಂದಲೇ ಅಧಿಕಾರ ನಡೆಸುತ್ತಾರೆ. "ಉರಿ ಜಾಸ್ತಿ ಆಯ್ತು. ಎಲೆ ಆಗ್ಲಿ ಬಟ್ಟೆ ಆಗ್ಲಿ, ಮೊದ್ಲೇ ಜೋರಾಗಿ ಬಿಸಿ ಕೊಡಬಾರ್ದು," ಎನ್ನುತ್ತಾರೆ. "ಗೊತ್ತು ಬುಡಿ," ಎನ್ನುತ್ತಾರೆ ಹೆಂಡತಿ, ಒಂದು ಕೊಳ್ಳಿ ಹೊರಗೆಳೆಯುತ್ತಾ. ಜಗುಲಿ ಬಿಟ್ಟು ದಿನಾ ಬೆಳಿಗ್ಗೆ ಇಲ್ಲಿಗೆ ಬರತೊಡಗಿದ ಮೇಲೆ ಅವರ ಊಟ ಸರಿಯಾಗಿದೆಯಂತೆ.

ಒಣಗಿಸುವ ಯಂತ್ರವೊಂದನ್ನು ತರುವ ಮಾತು ಟ್ರಸ್ಟಿನಲ್ಲಿ ಆಗಾಗ ಬರುತ್ತದೆ. ಅಂಥದಕ್ಕೆ ಬೇಕಾದಷ್ಟು ಕರೆಂಟು ಈ ಲೈನಿನಲ್ಲಿ ನಿಲ್ಲುವುದಿಲ್ಲ ಎಂದು ಅಷ್ಟಕ್ಕೇ ಉಳಿದಿದೆ. ಯಂತ್ರ ಬಂದರೆ ಬೇಸರವೇ ಎಂದು ಕೇಳಿದರೆ ಪುಟ್ಟಮಲ್ಲಮ್ಮ ತಲೆಯಾಡಿಸುತ್ತಾರೆ. "ಬರ್ಲಿ ಬುಡಿ, ಯಾಕೆ ಬ್ಯಾಡ? ಏಣಿ ಹತ್ತಿ ಇಳಿದು ಈ ಭುಜ ಮೇಲಕ್ಕೇ ಏಳಕಿಲ್ಲ." ಬ್ಲೀಚಿಂಗ್ ನೀರಿನಲ್ಲಿ ನೆನೆದು ನೆನೆದು ಅವರ ಬೆರಳ ಸಂದಿ ಬಿರಿದಿದೆ. ಮನೆಗೆ ಹೋಗಿ ರಾಗಿ ಹಿಟ್ಟು ಕಲಸಿದರೆ ಉರಿ. ಮಳೆಗಾಲದ ನಾಲ್ಕು ತಿಂಗಳು ಮುದ್ದೆ ಕಟ್ಟುವ ಕೆಲಸ ಗುರುಮಲ್ಲಪ್ಪನವರದು. "ಗಂಟಾಯ್ತದೆ. ಆದ್ರೂ ಉಣ್ತೀನಿ."

ವಾರ್ಡಿನ ಬಾಣಂತಿಯರಿಗೆ ಅವರ ಹೆಸರು ಗೊತ್ತಿಲ್ಲ. ಮೂರು ದಿನವೋ ಐದು ದಿನವೋ ಇದ್ದು ಹೋಗುವವರು. ಬಟ್ಟೆ ವಾರ್ಡಿಗೆ ತಲುಪುವುದು ನರ್ಸುಗಳ ಕೈಯಿಂದ. ಬಿಡುಗಡೆಯ ದಿನ ಎಲ್ಲರಿಗೂ ಸಿಹಿ ಹಂಚುವವರು ಹಿತ್ತಲವರೆಗೆ ಬರುವುದು ಅಪರೂಪ. ಇದನ್ನು ಹೇಳಿದರೆ ಪುಟ್ಟಮಲ್ಲಮ್ಮ ಹೋದ ಕಾರ್ತೀಕದಲ್ಲಿ ನಡೆದದ್ದನ್ನು ನೆನೆದುಕೊಳ್ಳುತ್ತಾರೆ.

ದೊಡ್ಡ ಮಗಳ ಮನೆಗೆಂದು ಹುಣಸೂರು ಸ್ಟ್ಯಾಂಡಿನಲ್ಲಿ ಕೆ.ಆರ್. ನಗರದ ಬಸ್ಸು ಹತ್ತಿದ್ದರು. ಪಕ್ಕದ ಸೀಟಿನಲ್ಲಿ ಒಬ್ಬ ಹುಡುಗಿ, ಮಡಿಲಲ್ಲಿ ನಾಲ್ಕು ತಿಂಗಳ ಕೂಸು. ಹೊರಗೆ ತುಂತುರು. ಕೂಸಿಗೆ ಹೊದಿಸಿದ್ದ ಬಿಳಿ ಬಟ್ಟೆಯ ಅಂಚಿನಲ್ಲಿ ಕೆಂಪು ದಾರದ ಎರಡು ಅಡ್ಡ ಹೊಲಿಗೆ. ಆಸ್ಪತ್ರೆಯ ಬಟ್ಟೆ ಮನೆಯವರ ಬಟ್ಟೆಯ ಜೊತೆ ಬೆರೆಯದಿರಲೆಂದು ಪುಟ್ಟಮಲ್ಲಮ್ಮ ತಾವೇ ಬಿಡುವಿನಲ್ಲಿ ಕೂತು ಹಾಕುವ ಗುರುತು ಅದು. ತಿಂಗಳಿಗೆ ನಾಲ್ಕಾರು ಬಟ್ಟೆ ಹೀಗೆ ಕಾಣೆಯಾಗುತ್ತವೆ. ಯಾರ ಬಳಿಯಾದರೂ ಕಣ್ಣಿಗೆ ಬಿದ್ದರೆ ಕೇಳಿ ಇಸಿದುಕೊಳ್ಳಬೇಕೆಂದು ಆಸ್ಪತ್ರೆಯಲ್ಲಿ ಹೇಳಿದ್ದಾರೆ.

ಕೇಳಿದಿರಾ?

"ಯಾಕೆ ಕೇಳಾನ," ಎನ್ನುತ್ತಾರೆ ಪುಟ್ಟಮಲ್ಲಮ್ಮ, ಮಡಿಚಿದ ಬಟ್ಟೆಯ ಬುಟ್ಟಿಯನ್ನು ಸೊಂಟಕ್ಕೆ ಏರಿಸಿಕೊಳ್ಳುತ್ತಾ. "ಕೂಸು ಚೆನ್ನಾಗಿದೆ ಕಣವ್ವ, ಎಷ್ಟು ತಿಂಗಳು ಅಂತ ಮಾತಾಡಿಸ್ದೆ. ಮಾತಾಡಿಸ್ತಾ ಆ ಬಟ್ಟೆ ಮೂಲೆ ವಸಿ ಹಿಡ್ದು ನೋಡ್ದೆ. ಆ ಮಳೇಲೂ ಬೆಚ್ಚಗಿತ್ತು. ಚೆನ್ನಾಗಿ ಒಣಗ್ಸವ್ಳೆ, ಹುಡ್ಗಿ."